ತಡೆಯಾಜ್ಞೆ ಇದ್ದ ಹೊಲ ಬಿತ್ತಿದೆ: ಕೋರ್ಟು ಏನೇನು ನೋಡಿತು?

ನನ್ನದು ಹನ್ನೊಂದು ಎಕರೆ ಮಸಾರಿ ಹೊಲ. ನೀರಾವರಿ ಇಲ್ಲ. ಮಳೆ ಬಂದರೆ ಹೆಸರು, ತೊಗರಿ, ಶೇಂಗಾ, ಸಜ್ಜೆ. ಬಾರದಿದ್ದರೆ ಏನೂ ಇಲ್ಲ. ಓದಿದ್ದು ಏಳನೆಯ ಇಯತ್ತೆ. ಈ ಪತ್ರಿಕೆಯಲ್ಲಿ ಬೀಜ, ಗೊಬ್ಬರ, ಬದುವಿನ ಬಗ್ಗೆ ಬರೆಯುವವರು ಬಹಳ ಜನ ಇದ್ದಾರೆ. ನಾನು ಈ ಸಲ ಕೋರ್ಟಿನ ಬಗ್ಗೆ ಬರೆಯುತ್ತಿದ್ದೇನೆ.

ಕಾರಣ ಇದೆ. ಹೊಲ ಇದ್ದಲ್ಲಿ ಒಂದಿಲ್ಲೊಂದು ದಾವಾ ಇರುತ್ತದೆ. ತಡೆಯಾಜ್ಞೆ ಅಂದರೆ ಏನು ಅಂತ ಹಳ್ಳಿಯಲ್ಲಿ ಎಲ್ಲರಿಗೂ ಗೊತ್ತು. ಆದರೆ ಅದನ್ನು ಮೀರಿದರೆ ಏನಾಗುತ್ತದೆ, ಜಡ್ಜರು ಯಾವುದನ್ನು ನೋಡಿ ಶಿಕ್ಷೆ ಕೊಡುತ್ತಾರೆ, ಯಾವುದನ್ನು ನೋಡಿ ಬಿಡುತ್ತಾರೆ ಅನ್ನೋದು ಗೊತ್ತಿಲ್ಲ. ನನಗೂ ಗೊತ್ತಿರಲಿಲ್ಲ. ಮೀರಿದ ಮೇಲೆ ಗೊತ್ತಾಯಿತು.

ನಡೆದದ್ದು

ನಮ್ಮಪ್ಪ ಮತ್ತು ದೊಡ್ಡಪ್ಪ ಬಾಯಿಮಾತಿನಲ್ಲೇ ಹೊಲ ಹಂಚಿಕೊಂಡಿದ್ದರು. ಅವರಿಬ್ಬರೂ ಹೋದ ಮೇಲೆ ಬದುವಿನ ಪಕ್ಕದ ಒಂದು ಎಕರೆ ಹತ್ತು ಗುಂಟೆಯ ಪಟ್ಟಿ ಯಾರದು ಅಂತ ನನಗೂ ದೊಡ್ಡಪ್ಪನ ಮಗನಿಗೂ ಜಗಳ ಆಯಿತು. 2018ರಲ್ಲಿ ಅವನು ತಾಲ್ಲೂಕು ಕೋರ್ಟಿನಲ್ಲಿ ದಾವಾ ಹಾಕಿದ. ಏಪ್ರಿಲ್ ತಿಂಗಳಲ್ಲಿ ತಾತ್ಕಾಲಿಕ ತಡೆಯಾಜ್ಞೆ ಆಯಿತು. ದಾವಾ ಮುಗಿಯುವ ತನಕ ಆ ಪಟ್ಟಿಯಲ್ಲಿ ನಾನು ಹೊಗಬಾರದು, ಉಳಬಾರದು, ಬಿತ್ತಬಾರದು. ಕೋರ್ಟಿನ ಅಮೀನ ಮನೆಗೆ ಬಂದು ಕಾಗದ ಕೊಟ್ಟ. ಸಹಿ ಮಾಡಿಸಿಕೊಂಡ. ನಾನು ಕಾಗದ ಮಡಚಿ ಜಂತಿಗೆ ಸಿಗಿಸಿದೆ.

ಜೂನ್ ಮೊದಲ ವಾರ. ರೋಹಿಣಿ ಮಳೆ ರಾತ್ರಿಯೆಲ್ಲ ಸುರಿಯಿತು. ಒಣಬೇಸಾಯ ಮಾಡುವವರಿಗೆ ಇದನ್ನು ಬಿಡಿಸಿ ಹೇಳಬೇಕಾಗಿಲ್ಲ. ಮಸಾರಿ ನೆಲದಲ್ಲಿ ಹದ ಎರಡು ದಿನ, ಹೆಚ್ಚೆಂದರೆ ಮೂರು ದಿನ. ಹೆಸರು ಆಗ ಬೀಳಬೇಕು, ತಪ್ಪಿದರೆ ತಪ್ಪಿತು. ಬೆಳಿಗ್ಗೆ ಕೂರಿಗೆ ಹೂಡಿದೆ. ಸಾಲು ಆ ಪಟ್ಟಿಯ ಅಂಚಿಗೆ ಬಂದಾಗ ಎತ್ತು ತಿರುಗಿಸಬೇಕಿತ್ತು. ತಿರುಗಿಸಲಿಲ್ಲ. ನಮ್ಮಪ್ಪ ಬಿತ್ತಿದ ಹೊಲ, ಬೀಳು ಯಾಕೆ ಬಿಡಲಿ ಅಂದುಕೊಂಡೆ. ತೊಗರಿ ಸಾಲಿನ ನಡುವೆ ಹೆಸರು ಹಾಕಿ ಪೂರ್ತಿ ಬಿತ್ತಿದೆ.

ದೊಡ್ಡಪ್ಪನ ಮಗ ಬದುವಿನ ಮೇಲೆ ನಿಂತು ಮೊಬೈಲಿನಲ್ಲಿ ಫೋಟೋ ತೆಗೆದ. ಒಂದು ಮಾತೂ ಆಡಲಿಲ್ಲ. ಅವನು ಬೈದಿದ್ದರೆ ನಾನು ಅಲ್ಲಿಗೇ ಮುಗಿಯಿತು ಅಂತಿದ್ದೆ. ಹದಿನೈದು ದಿನಕ್ಕೆ ಕೋರ್ಟಿನಿಂದ ಇನ್ನೊಂದು ಕಾಗದ ಬಂತು. ಆಜ್ಞೆ ಮೀರಿದ್ದಕ್ಕೆ ನಿನ್ನನ್ನು ಸಿವಿಲ್ ಜೈಲಿಗೆ ಯಾಕೆ ಹಾಕಬಾರದು, ನಿನ್ನ ಆಸ್ತಿ ಯಾಕೆ ಜಪ್ತಿ ಮಾಡಬಾರದು ಅಂತ ಅದರಲ್ಲಿತ್ತು. ಆ ವರ್ಷ ಮಗಳ ಮದುವೆ ಗೊತ್ತಾಗಿತ್ತು. ನನ್ನ ಹೆಂಡತಿ ಕಾಗದ ಓದಿಸಿಕೊಂಡು ಆ ದಿನ ಊಟ ಮಾಡಲಿಲ್ಲ.

ದಾರಿ ಎರಡು

ನಮ್ಮ ವಕೀಲರು ಮೊದಲು ಹೇಳಿದ್ದು ಇದು: ಕೋರ್ಟಿನ ಮಾತು ಮೀರಿದ್ದಕ್ಕೆ ಕಾನೂನಿನಲ್ಲಿ ಎರಡು ದಾರಿ ಇವೆ. ಹಳ್ಳಿಯಲ್ಲಿ ಎರಡನ್ನೂ ಸೇರಿಸಿ ‘ಕಂಟೆಂಪ್ಟ್’ ಅನ್ನುತ್ತಾರೆ.

ಒಂದನೆಯದು ಸಿವಿಲ್ ಪ್ರಕ್ರಿಯಾ ಸಂಹಿತೆಯ 39ನೇ ಆದೇಶ, 2-ಎ ನಿಯಮ. 1976ರ ತಿದ್ದುಪಡಿಯಲ್ಲಿ ಸೇರಿಸಿದ್ದು. ತಾತ್ಕಾಲಿಕ ತಡೆಯಾಜ್ಞೆ ಕೊಟ್ಟ ಕೋರ್ಟೇ, ಅದು ತಾಲ್ಲೂಕು ಕೋರ್ಟಾದರೂ, ಮೀರಿದವನ ಆಸ್ತಿ ಜಪ್ತಿ ಮಾಡಬಹುದು, ಮೂರು ತಿಂಗಳವರೆಗೆ ಸಿವಿಲ್ ಜೈಲಿನಲ್ಲಿ ಇಡಬಹುದು. ಜಪ್ತಿ ಒಂದು ವರ್ಷ ಮೀರುವಂತಿಲ್ಲ. ಅಷ್ಟಾದರೂ ಅವನು ಮಾತು ಕೇಳದಿದ್ದರೆ ಜಪ್ತಿ ಆದದ್ದನ್ನು ಮಾರಿ ನಷ್ಟ ಆದವರಿಗೆ ಪರಿಹಾರ ಕೊಡಬಹುದು.

ಎರಡನೆಯದು 1971ರ ನ್ಯಾಯಾಂಗ ನಿಂದನೆ ಕಾಯಿದೆ. ಅದರ ಪ್ರಕಾರ ಕೋರ್ಟಿನ ತೀರ್ಪು, ಡಿಕ್ರಿ, ಆದೇಶವನ್ನು ಬೇಕಂತಲೇ ಮೀರುವುದು, ಕೋರ್ಟಿಗೆ ಬರೆದುಕೊಟ್ಟ ಮುಚ್ಚಳಿಕೆಯನ್ನು ಬೇಕಂತಲೇ ಮುರಿಯುವುದು ಸಿವಿಲ್ ನಿಂದನೆ. ಕೋರ್ಟನ್ನು ಬೈಯುವುದು, ಹೀಯಾಳಿಸುವುದು ಬೇರೆ, ಅದು ಕ್ರಿಮಿನಲ್ ನಿಂದನೆ. ಈ ಕಾಯಿದೆಯಲ್ಲಿ ಶಿಕ್ಷೆ ಕೊಡುವುದು ಹೈಕೋರ್ಟು ಮತ್ತು ಸುಪ್ರೀಂ ಕೋರ್ಟು. ಕೆಳಗಿನ ಕೋರ್ಟಿನ ಆದೇಶ ಮೀರಿದರೂ ಶಿಕ್ಷೆ ಕೊಡುವುದು ಹೈಕೋರ್ಟೇ. ಆರು ತಿಂಗಳವರೆಗೆ ಸಾದಾ ಸಜೆ, ಇಲ್ಲವೆ 2,000 ರೂಪಾಯಿವರೆಗೆ ದಂಡ, ಇಲ್ಲವೆ ಎರಡೂ. 1971ರ ಎರಡು ಸಾವಿರ ಇಂದಿಗೂ ಎರಡು ಸಾವಿರವೇ.

ತಾಲ್ಲೂಕು ಕೋರ್ಟಿನ ತಾತ್ಕಾಲಿಕ ತಡೆಯಾಜ್ಞೆ ಮೀರಿದ್ದಕ್ಕೆ ನೇರ ಹೈಕೋರ್ಟಿಗೆ ಹೋದರೆ, ಕೆಳಗೇ ದಾರಿ ಇದೆ, ಅಲ್ಲಿಗೆ ಹೋಗು ಅಂತ ಸಾಮಾನ್ಯವಾಗಿ ವಾಪಸು ಕಳಿಸುತ್ತಾರೆ. ನನ್ನ ಮೇಲೆ ಬಂದದ್ದು ಒಂದನೆಯ ದಾರಿಯ ಅರ್ಜಿ.

‘ಬಹುದು’ ಅನ್ನುವ ಮಾತು

ವಕೀಲರು ಇನ್ನೊಂದು ಹೇಳಿದರು. ಎರಡೂ ಕಾನೂನಿನಲ್ಲಿ ಶಿಕ್ಷೆ ‘ಕೊಡಬಹುದು’ ಅಂತ ಇದೆ, ‘ಕೊಡಲೇಬೇಕು’ ಅಂತ ಇಲ್ಲ. ಜಡ್ಜರ ವಿವೇಚನೆ ಇರೋದು ಆ ‘ಬಹುದು’ ಎಂಬ ಮಾತಿನಲ್ಲಿ. ಜಪ್ತಿ ಮಾಡಬೇಕೋ, ಜೈಲಿಗೆ ಕಳಿಸಬೇಕೋ, ಎರಡೂ ಮಾಡಬೇಕೋ, ಒಂದನ್ನೇ ಮಾಡಬೇಕೋ ಅದು ಕೋರ್ಟಿಗೆ ಬಿಟ್ಟದ್ದು. 1998ರಲ್ಲಿ ಸಮೀ ಖಾನ್ ಎಂಬವರ ಪ್ರಕರಣದಲ್ಲಿ ಸುಪ್ರೀಂ ಕೋರ್ಟು ಇದನ್ನು ಸ್ಪಷ್ಟ ಮಾಡಿದೆ.

ವಿವೇಚನೆ ಅಂದರೆ ಮನಸ್ಸು ಬಂದಂತೆ ಅಂತ ನಾನು ತಿಳಿದಿದ್ದೆ. ಜಡ್ಜು ಒಳ್ಳೆಯವರಾದರೆ ಬಿಡುತ್ತಾರೆ, ಸಿಟ್ಟಿನವರಾದರೆ ಹಾಕುತ್ತಾರೆ. ಅದು ಹಾಗಲ್ಲ. ನಾವು ಬಿತ್ತುವ ಮುಂಚೆ ಮಣ್ಣು ಹಿಡಿದು ನೋಡುವುದಿಲ್ಲವೆ? ಎಷ್ಟು ಆಳ ನೆಂದಿದೆ, ಮುದ್ದೆ ಆಗುತ್ತದೋ ಪುಡಿ ಆಗುತ್ತದೋ ನೋಡಿ ಕೂರಿಗೆ ಹೂಡುತ್ತೇವೆ. ನಿರ್ಧಾರ ನಮ್ಮದೇ, ಆದರೆ ನೋಡುವ ಗುರುತುಗಳು ಗೊತ್ತಿರುತ್ತವೆ. ಜಡ್ಜರಿಗೂ ನೋಡುವ ಗುರುತುಗಳಿವೆ. ಆರು ತಿಂಗಳು ಕೋರ್ಟಿಗೆ ಅಲೆದು ನಾನು ಕಂಡವು ಇವು.

ಆದೇಶ ಸ್ಪಷ್ಟ ಇತ್ತೇ?

ಆದೇಶದಲ್ಲಿ ಬರೆದದ್ದನ್ನು ಮೀರಿದರೆ ಮಾತ್ರ ತಪ್ಪು. ಬರೆಯದೆ ಇದ್ದದ್ದನ್ನು ಶಿಕ್ಷೆ ಕೊಡುವಾಗ ಸೇರಿಸುವಂತಿಲ್ಲ. ಒಂದು ಆದೇಶಕ್ಕೆ ಎರಡು ಅರ್ಥ ಬರುವಂತಿದ್ದು, ಮನುಷ್ಯ ಒಂದನ್ನು ಪ್ರಾಮಾಣಿಕವಾಗಿ ನಂಬಿ ನಡೆದಿದ್ದರೆ ಬೇಕಂತಲೇ ಮೀರಿದ ಅನ್ನಲಾಗದು. ‘ಯಥಾಸ್ಥಿತಿ ಕಾಪಾಡಿ’ ಅಂತ ಮಾತ್ರ ಬರೆದ ಆದೇಶಗಳಲ್ಲಿ ಈ ತಕರಾರು ಬಹಳ. ಬೆಳೆ ಇದ್ದ ಹೊಲದಲ್ಲಿ ಯಥಾಸ್ಥಿತಿ ಅಂದರೆ ಕೊಯ್ಯಬಹುದೋ ಬಾರದೋ? ನನ್ನ ಆದೇಶದಲ್ಲಿ ಆ ಗೊಂದಲ ಇರಲಿಲ್ಲ. ಸರ್ವೆ ನಂಬರು, ಚಕ್ಕುಬಂದಿ, ಬಿತ್ತಬಾರದು ಎಂಬ ಮಾತು ಎಲ್ಲಾ ಇತ್ತು.

ಗೊತ್ತಿತ್ತೇ?

ಆದೇಶ ಆದದ್ದು ಗೊತ್ತಿಲ್ಲದವನಿಗೆ ಮೀರಿದ ಅಂತ ಶಿಕ್ಷೆ ಇಲ್ಲ. ನನಗೆ ಕಾಗದ ಸಿಕ್ಕಿಲ್ಲ ಅಂತ ಹೇಳೋಣವೇ ಅಂತ ವಕೀಲರನ್ನು ಕೇಳಿದೆ. ನಾಚಿಕೆ ಆಗುತ್ತದೆ, ಆದರೂ ಬರೆಯುತ್ತೇನೆ. ಅವರು ಕನ್ನಡಕ ತೆಗೆದು, “ಅಮೀನನ ವರದಿಯಲ್ಲಿ ನಿನ್ನ ಸಹಿ ಐತಿ. ಮೊದಲನೇದು ತಪ್ಪು, ಇದು ಸುಳ್ಳು. ತಪ್ಪಿಗೆ ಕ್ಷಮಾ ಸಿಕ್ಕೀತು, ಪ್ರಮಾಣ ಮಾಡಿ ಹೇಳಿದ ಸುಳ್ಳಿಗೆ ಸಿಗೂದಿಲ್ಲ” ಅಂದರು.

ಪಾಲಿಸಲು ಆಗುತ್ತಿತ್ತೇ? ಬೇಕಂತಲೇ ಮೀರಿದನೇ?

ಇದು ಮುಖ್ಯ ಗುರುತು. 2014ರಲ್ಲಿ ರಾಮ್ ಕಿಶನ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟು, ‘ಬೇಕಂತಲೇ’ ಅಂದರೆ ತಿಳಿದು, ಉದ್ದೇಶ ಇಟ್ಟು ಮಾಡಿದ್ದು ಅಂತ ಹೇಳಿದೆ. ಅಕಸ್ಮಾತ್ ಆದದ್ದು, ಅರಿಯದೆ ಆದದ್ದು, ನಿಜವಾಗಿಯೂ ಪಾಲಿಸಲು ಕೈಲಾಗದೆ ಇದ್ದದ್ದು ಅದರಲ್ಲಿ ಬರುವುದಿಲ್ಲ. ಇದನ್ನು ರುಜುವಾತು ಮಾಡುವ ಭಾರ ದೂರು ಕೊಟ್ಟವನ ಮೇಲೆ. ಜೈಲಿನ ಮಾತು ಇರುವುದರಿಂದ ಸಂಶಯ ಉಳಿದರೆ ಅದರ ಲಾಭ ಎದುರಿನವನಿಗೆ.

ನನ್ನ ಸಾಕ್ಷ್ಯ ಆದ ದಿನ ಜಡ್ಜರೇ ಕೇಳಿದರು, “ಆದೇಶ ಗೊತ್ತಿದ್ದೂ ಯಾಕೆ ಬಿತ್ತಿದಿರಿ?”

“ಮಳಿ ಬಂತ್ರಿ ಸಾಹೇಬ್ರ. ಹದ ಹೋಗ್ತಿತ್ತು.”

“ನಿಮ್ಮ ಉಳಿದ ಹೊಲಕ್ಕೂ ಅದೇ ಮಳೆ ಬಂತಲ್ಲ? ಅದನ್ನು ಬಿತ್ತಿ ಇದನ್ನು ಬಿಡಲು ಏನು ಅಡ್ಡಿ ಇತ್ತು?”

ನನ್ನ ಬಳಿ ಉತ್ತರ ಇರಲಿಲ್ಲ.

“ಬೇಸಿಗೆ ರಜೆ ಮುಗಿದು ಕೋರ್ಟು ತೆರೆದಿತ್ತು. ಬಿತ್ತಲು ಅನುಮತಿ ಕೊಡಿ ಅಂತ ಒಂದು ಅರ್ಜಿ ಹಾಕಿದ್ದಿರಾ?”

ಹಾಕಿರಲಿಲ್ಲ. ಹಾಕಬಹುದು ಅಂತಲೇ ಗೊತ್ತಿರಲಿಲ್ಲ. ಕೇಳಲೂ ಹೋಗಿರಲಿಲ್ಲ. ಮಳೆ ಬಂದದ್ದು ನಿಜ, ಹದ ಹೋಗುವುದು ನಿಜ. ಆದರೆ ಅದು ಆಸೆಯಾಯಿತು, ಅಡ್ಡಿ ಆಗಲಿಲ್ಲ. ಈ ವ್ಯತ್ಯಾಸ ನನಗೆ ಆ ಕಟಕಟೆಯಲ್ಲಿ ತಿಳಿಯಿತು.

ಆದದ್ದನ್ನು ಸರಿ ಮಾಡಲು ಬರುತ್ತದೆಯೇ? ಸರಿ ಮಾಡಿದನೇ?

ಗೋಡೆ ಕಟ್ಟಿದ್ದರೆ ಕೆಡವಬಹುದು. ದಾರಿ ಮುಚ್ಚಿದ್ದರೆ ತೆಗೆಯಬಹುದು. ಮರ ಕಡಿದಿದ್ದರೆ ಮರಳಿ ನಿಲ್ಲಿಸಲು ಬರುವುದಿಲ್ಲ. ಕೋರ್ಟಿಗೆ ಮೊದಲು ಬೇಕಾದದ್ದು ತನ್ನ ಮಾತು ನಡೆಯುವುದು, ಮನುಷ್ಯ ಜೈಲಿಗೆ ಹೋಗುವುದು ಆಮೇಲೆ. ಒಮ್ಮೆ ಮೀರಿದನೋ, ಹೇಳಿದ ಮೇಲೂ ಮತ್ತೆ ಮತ್ತೆ ಮೀರಿದನೋ, ಅದರಿಂದ ಲಾಭ ಮಾಡಿಕೊಂಡನೋ ಇದನ್ನೂ ನೋಡುತ್ತಾರೆ. 1971ರ ಕಾಯಿದೆಯ 13ನೇ ಕಲಮಿನಲ್ಲಿ, ನ್ಯಾಯದ ಕೆಲಸಕ್ಕೆ ದೊಡ್ಡ ಮಟ್ಟದಲ್ಲಿ ಅಡ್ಡಿ ಆಗುವಂಥ ನಿಂದನೆ ಅಲ್ಲದಿದ್ದರೆ ಶಿಕ್ಷೆ ಕೊಡಬಾರದು ಅಂತಲೇ ಇದೆ. ಸಣ್ಣಪುಟ್ಟದ್ದಕ್ಕೆ ಜೈಲು ಬೇಡ ಎಂಬುದು ಅದರ ಭಾವ.

ಕ್ಷಮೆ ಯಾವಾಗ ಕೇಳಿದ, ಹೇಗೆ ಕೇಳಿದ?

ನನ್ನ ಮೊದಲ ಪ್ರಮಾಣಪತ್ರದಲ್ಲಿ ‘ನನ್ನಿಂದ ತಪ್ಪಾಗಿದ್ದರೆ ಕ್ಷಮಿಸಬೇಕು’ ಅಂತ ಬರೆಸಿದ್ದೆ. ಜಡ್ಜರು ಓದಿ, “ಆಗಿದ್ದರೆ ಅಂದರೇನು? ಆಗಿದೆಯೋ ಇಲ್ಲವೋ?” ಅಂದರು. ವಾಪಸು ತಂದು, ‘ಆದೇಶ ಗೊತ್ತಿತ್ತು, ಆದರೂ ಬಿತ್ತಿದೆ, ತಪ್ಪಾಗಿದೆ’ ಅಂತ ಬರೆಸಿದೆ.

1971ರ ಕಾಯಿದೆಯ 12ನೇ ಕಲಮಿನಲ್ಲಿ, ಕೋರ್ಟಿಗೆ ಸಮಾಧಾನ ಆಗುವಂತೆ ಕ್ಷಮೆ ಕೇಳಿದರೆ ಬಿಡಬಹುದು, ಶಿಕ್ಷೆ ಮಾಫಿ ಮಾಡಬಹುದು ಅಂತ ಇದೆ. ಷರತ್ತು ಹಾಕಿ ಕೇಳಿದ ಕ್ಷಮೆ ಆದರೂ, ಅದು ಪ್ರಾಮಾಣಿಕ ಇದ್ದರೆ ಷರತ್ತು ಇದೆ ಎಂಬ ಒಂದೇ ಕಾರಣಕ್ಕೆ ತಳ್ಳಬಾರದು ಅಂತಲೂ ಇದೆ. ಅಂದರೆ ಕೋರ್ಟು ನೋಡುವುದು ಶಬ್ದಕ್ಕಿಂತ ಮನಸ್ಸನ್ನು. ಮನಸ್ಸು ಕಾಣುವುದು ನಡತೆಯಲ್ಲಿ. ಮೊದಲ ತಾರೀಖಿಗೇ ಕೇಳಿದ ಕ್ಷಮೆಗೂ, ವರ್ಷಗಟ್ಟಲೆ ವಾದ ಮಾಡಿ ಸೋಲುವುದು ಖಾತ್ರಿಯಾದ ಮೇಲೆ ಕೇಳಿದ ಕ್ಷಮೆಗೂ ತೂಕ ಒಂದೇ ಅಲ್ಲ.

ನನಗೆ ಆದದ್ದು

ಡಿಸೆಂಬರಿನಲ್ಲಿ ಆದೇಶ ಆಯಿತು. ಪ್ರತಿವಾದಿ ತಿಳಿದೂ ಆಜ್ಞೆ ಮೀರಿದ್ದಾನೆ ಅಂತ ಜಡ್ಜರು ಮೊದಲು ಬರೆದರು. ಅಲ್ಲಿಗೆ ನನ್ನ ಕಾಲಲ್ಲಿ ಶಕ್ತಿ ಇರಲಿಲ್ಲ. ಆಮೇಲೆ ಉಳಿದದ್ದು ಓದಿದರು. ಮೀರಿದ್ದು ಒಂದೇ ಸಲ. ನೋಟೀಸು ಬಂದ ಮೇಲೆ ಆ ಪಟ್ಟಿಗೆ ಎಡೆ ಹೊಡೆಯಲೂ ಹೋಗಿಲ್ಲ. ಸುಳ್ಳು ಹೇಳಿಲ್ಲ. ತಪ್ಪು ಒಪ್ಪಿದ್ದಾನೆ. ತೊಗರಿ ಇನ್ನೂ ಹೊಲದಲ್ಲೇ ನಿಂತಿದೆ.

ಜೈಲು ಕೊಡಲಿಲ್ಲ. ಹೊಲ ಜಪ್ತಿಯನ್ನೂ ಮಾಡಲಿಲ್ಲ. ಬದಲಿಗೆ ಇಷ್ಟು ಹೇಳಿದರು. ತೊಗರಿಯನ್ನು ಕೋರ್ಟು ಕಮಿಷನರ ಎದುರು ಕೊಯ್ದು ಒಕ್ಕಿ ಮಾರಬೇಕು, ಕೊಯ್ಲು ಒಕ್ಕಣೆಯ ಖರ್ಚು ಕಳೆದು ಉಳಿದ ಹಣ ಕೋರ್ಟಿನಲ್ಲಿ ಕಟ್ಟಬೇಕು. ಬೀಜ, ಬಿತ್ತನೆ ಖರ್ಚು ಕಳೆಯುವಂತಿಲ್ಲ, ಯಾಕೆಂದರೆ ಬಿತ್ತಿದ್ದೇ ತಪ್ಪು. ಹೆಸರು ಏನಾಯಿತು ಅಂತ ಕೇಳಿದರು. ನೋಟೀಸಿಗೆ ಹೆದರಿ ನಾನು ಹೋಗಿರಲಿಲ್ಲ, ಕಾಯಿ ಒಣಗಿ ಸಿಡಿಯುತ್ತದೆ ಅಂತ ಹೆಂಡತಿ ಆಳು ಕರೆದುಕೊಂಡು ಬಿಡಿಸಿದ್ದಳು. ಮಾರಿದ ಪಟ್ಟಿ ಮನೆಯಲ್ಲಿತ್ತು, ಹಾಜರು ಮಾಡಿದೆ. ಎರಡು ಕ್ವಿಂಟಲಿಗೆ 9,600 ರೂಪಾಯಿ. ಅದನ್ನೂ ಕಟ್ಟಿಸಿದರು. ತೊಗರಿ ನಾಲ್ಕು ಕ್ವಿಂಟಲ್ ಆಯಿತು, 19,600 ರೂಪಾಯಿ. ಖರ್ಚು 2,600 ಹೋಗಿ 17,000. ಒಟ್ಟು 26,600 ಕಟ್ಟಿದೆ. ಎದುರಿನವನ ಕೋರ್ಟು ಖರ್ಚು 3,000 ಬೇರೆ. ಇನ್ನು ಹೊಗುವುದಿಲ್ಲ ಅಂತ ಮುಚ್ಚಳಿಕೆ ಬರೆದುಕೊಟ್ಟೆ. ಇದನ್ನು ಮುರಿದರೆ ಮುಂದಿನ ಸಲ ಈ ಮಾತು ಇರುವುದಿಲ್ಲ ಅಂತ ಜಡ್ಜರು ಹೇಳಿದರು.

ದೊಡ್ಡಪ್ಪನ ಮಗನಿಗೆ ಸಮಾಧಾನ ಆಗಲಿಲ್ಲ. ಅವನಿಗೆ ನಾನು ಜೈಲಿಗೆ ಹೋಗುವುದು ಬೇಕಿತ್ತು. ಅವನ ಜಾಗದಲ್ಲಿ ನಿಂತು ನೋಡಿದರೆ ಅದೂ ತಪ್ಪಲ್ಲ. ಕಾನೂನಿನಂತೆ ನಡೆದವನು ಅವನು, ಬದುವಿನ ಮೇಲೆ ನಿಂತು ನೋಡಿದವನು ಅವನು. ಆದರೆ ಆಜ್ಞೆ ಮೀರಿದ ವಿಚಾರಣೆ ನನಗೂ ಅವನಿಗೂ ನಡುವೆ ಅಲ್ಲ, ಕೋರ್ಟಿಗೂ ನನಗೂ ನಡುವೆ. ಅವನು ತಿಳಿಸಿದವನು ಅಷ್ಟೆ. ಹಗೆ ತೀರಿಸುವ ಜಾಗ ಅದಲ್ಲ.

ಇದರ ಇನ್ನೊಂದು ಗುಟ್ಟು ಮೇಲ್ಮನವಿಯಲ್ಲಿದೆ. 1971ರ ಕಾಯಿದೆಯ 19ನೇ ಕಲಮಿನಲ್ಲಿ ಶಿಕ್ಷೆ ಆದವನಿಗೆ ಮೇಲ್ಮನವಿ ಇದೆ. ಶಿಕ್ಷೆ ಕೊಡಲಿಲ್ಲ ಅಂತ ದೂರು ಕೊಟ್ಟವನು ಆ ಕಲಮಿನಲ್ಲಿ ಮೇಲ್ಮನವಿ ಹೋಗಲು ಬರುವುದಿಲ್ಲ. 2006ರಲ್ಲಿ ಮಿಡ್ನಾಪುರದ ಒಂದು ಸಹಕಾರಿ ಬ್ಯಾಂಕಿನ ಪ್ರಕರಣದಲ್ಲಿ ಸುಪ್ರೀಂ ಕೋರ್ಟು ಇದನ್ನು ಬಿಡಿಸಿ ಹೇಳಿದೆ. ನನ್ನಂತೆ 39ನೇ ಆದೇಶದಲ್ಲಿ ಆದ ತೀರ್ಮಾನಕ್ಕೆ ಮಾತ್ರ ಸಂಹಿತೆಯಲ್ಲೇ ಮೇಲ್ಮನವಿಯ ದಾರಿ ಇದೆ.

ದೊಡ್ಡವರಿಗೆ?

ಊರಲ್ಲಿ ಕೆಲವರು ಅಂದರು, “ಬಡವ ಅಂತ ನಿನ್ನ ಬಿಟ್ಟರು.” ಇನ್ನು ಕೆಲವರು, “ದೊಡ್ಡವರಿಗೆ ಎಲ್ಲಿ ಶಿಕ್ಷೆ ಆಗತೈತಿ?” ಎರಡೂ ಪೂರ್ತಿ ನಿಜ ಅಲ್ಲ. ವಕೀಲರು ಹೇಳಿದ ಮೂರು ಪ್ರಕರಣ ಇಲ್ಲಿ ಕೊಡುತ್ತೇನೆ.

1995ರಲ್ಲಿ ನಮ್ಮ ಕರ್ನಾಟಕದ್ದೇ ಒಂದು. ಬೆಂಗಳೂರು ಮಹಾನಗರ ಪಾಲಿಕೆಯ ಇಂಜಿನಿಯರ್ ಒಬ್ಬರ ಬಡ್ತಿಯ ವಿಷಯದಲ್ಲಿ ಸುಪ್ರೀಂ ಕೋರ್ಟಿನ ಆದೇಶ ಪಾಲಿಸಲಿಲ್ಲ ಅಂತ ರಾಜ್ಯದ ನಗರಾಭಿವೃದ್ಧಿ ಇಲಾಖೆಯ ಕಾರ್ಯದರ್ಶಿ ಆಗಿದ್ದ ಐಎಎಸ್ ಅಧಿಕಾರಿ ಜೆ. ವಾಸುದೇವನ್ ಅವರಿಗೆ ಒಂದು ತಿಂಗಳ ಸಾದಾ ಸಜೆ ಆಯಿತು. ಕ್ಷಮೆ ಅಲ್ಲಿ ಉಳಿಸಲಿಲ್ಲ. ಕಾನೂನು ಪಾಲಿಸಿ ತೋರಿಸಬೇಕಾದ ಕುರ್ಚಿಯಲ್ಲಿ ಕುಳಿತವರು ಮೀರಿದರೆ ಅದರ ತೂಕ ಬೇರೆ.

2022ರ ಜುಲೈನಲ್ಲಿ ವಿಜಯ್ ಮಲ್ಯ ಅವರಿಗೆ ಸುಪ್ರೀಂ ಕೋರ್ಟು ನಾಲ್ಕು ತಿಂಗಳ ಸಜೆ, 2,000 ರೂಪಾಯಿ ದಂಡ ಹಾಕಿತು. ಬ್ಯಾಂಕುಗಳ ಸಾಲದ ವ್ಯಾಜ್ಯದಲ್ಲಿ ಆಸ್ತಿ ವಿವರ ಪೂರ್ತಿ ಕೊಡದೆ, ಕರ್ನಾಟಕ ಹೈಕೋರ್ಟಿನ ತಡೆ ಇದ್ದಾಗ 4 ಕೋಟಿ ಡಾಲರ್ ಮಕ್ಕಳ ಕಡೆಗೆ ದಾಟಿಸಿದ್ದು ಅವರ ಮೇಲಿನ ಆರೋಪ. ತಪ್ಪಿತಸ್ಥ ಅಂತ 2017ರಲ್ಲೇ ತೀರ್ಮಾನ ಆಗಿತ್ತು. ಅವರು ಕೋರ್ಟಿನ ಮುಂದೆ ಬರಲಿಲ್ಲ, ಕ್ಷಮೆಯನ್ನೂ ಕೇಳಲಿಲ್ಲ. ಎರಡು ಸಾವಿರ ದಂಡ ಅವರಿಗೆ ಏನೂ ಅಲ್ಲ. ಅದಕ್ಕೇ ಕೋರ್ಟು ಸಜೆಗೇ ನಿಲ್ಲಲಿಲ್ಲ. ದಾಟಿಸಿದ ವ್ಯವಹಾರವೇ ಊರ್ಜಿತ ಅಲ್ಲ ಅಂತ ಹೇಳಿ, ಆ ಹಣವನ್ನು ಬಡ್ಡಿ ಸಮೇತ ವಾಪಸು ಕಟ್ಟಿ ಅಂತ ಆದೇಶ ಮಾಡಿತು. ಮೀರಿ ಪಡೆದ ಲಾಭ ಕೈಯಲ್ಲಿ ಉಳಿಯಬಾರದು. ನನ್ನ 26,600 ರೂಪಾಯಿಯ ಹಿಂದೆಯೂ ಇದೇ ಲೆಕ್ಕ ಇದೆ ಅಂತ ಆಗ ನನಗೆ ಹೊಳೆಯಿತು.

ಮೂರನೆಯದು ಆಂಧ್ರದ ಗುಂಟೂರಿನದು. ಹೈಕೋರ್ಟಿನ ಆದೇಶ ಇದ್ದರೂ ಅಲ್ಲಿನ ತಹಸೀಲ್ದಾರರು ಬಡವರ ಗುಡಿಸಲು ಕೆಡವಿಸಿದ್ದರು. ಹೈಕೋರ್ಟು ಎರಡು ತಿಂಗಳ ಸಜೆ ಕೊಟ್ಟಿತ್ತು. ಅವರು ಬಡ್ತಿ ಪಡೆದು ಡೆಪ್ಯುಟಿ ಕಲೆಕ್ಟರ್ ಆದ ಮೇಲೆ, 2025ರ ಮೇ ತಿಂಗಳಲ್ಲಿ ಸುಪ್ರೀಂ ಕೋರ್ಟು ಅಂತಿಮ ತೀರ್ಮಾನ ಮಾಡಿತು. ಜೈಲಿಗೆ ಹೋದರೆ ನೌಕರಿ ಹೋಗಿ ಹೆಂಡತಿ ಮಕ್ಕಳು ಬೀದಿಗೆ ಬೀಳುತ್ತಾರೆ ಅಂತ ಸಜೆ ಬಿಟ್ಟಿತು. ಆದರೆ ಮತ್ತೆ ತಹಸೀಲ್ದಾರ್ ಹುದ್ದೆಗೆ ಇಳಿಸಿ, 1 ಲಕ್ಷ ರೂಪಾಯಿ ದಂಡ ಹಾಕಿತು. ಎರಡು ಸಾವಿರದ ಮಿತಿ ಇರುವಾಗ ಇದು ಹೇಗೆ ಅಂತ ನೀವು ಕೇಳಬಹುದು. ಸುಪ್ರೀಂ ಕೋರ್ಟಿಗೆ ಸಂವಿಧಾನವೇ ನೇರ ಕೊಟ್ಟ ಅಧಿಕಾರ ಇದೆ, ತಾಲ್ಲೂಕು ಕೋರ್ಟಿಗೆ ಅದಿಲ್ಲ.

ಒಬ್ಬರಿಗೆ ಒಂದು ತಿಂಗಳು, ಒಬ್ಬರಿಗೆ ನಾಲ್ಕು ತಿಂಗಳು, ಒಬ್ಬರಿಗೆ ಹುದ್ದೆ ಇಳಿಕೆ, ನನಗೆ ಬೆಳೆಯ ಹಣ. ಹೊರಗಿನಿಂದ ನೋಡಿದರೆ ತಾಳಮೇಳ ಇಲ್ಲ ಅನ್ನಿಸುತ್ತದೆ. ಮೇಲೆ ಬರೆದ ಗುರುತು ಇಟ್ಟು ನೋಡಿದರೆ ಕಾರಣ ಕಾಣುತ್ತದೆ. ಎಲ್ಲ ಸಲವೂ ಅಳತೆ ಸರಿ ಬೀಳುತ್ತದೆ ಅಂತ ನಾನು ಹೇಳುವುದಿಲ್ಲ. ಹದ ನೋಡುವವನೂ ಒಮ್ಮೊಮ್ಮೆ ತಪ್ಪುತ್ತಾನೆ.

ಹೊಲ ಕೊನೆಗೆ ಯಾರದಾಯಿತು?

2021ರಲ್ಲಿ ಲೋಕ ಅದಾಲತ್‌ನಲ್ಲಿ ರಾಜಿ ಆಯಿತು. ಐವತ್ತು ಗುಂಟೆಯಲ್ಲಿ ಮೂವತ್ತು ನನಗೆ, ಇಪ್ಪತ್ತು ಅವನಿಗೆ. ಕೋರ್ಟಿನಲ್ಲಿದ್ದ ಹಣವನ್ನೂ ಅದೇ ಲೆಕ್ಕದಲ್ಲಿ ಹಂಚಿದರು. ನನಗೆ 15,960, ಅವನಿಗೆ 10,640.

ಹೆಚ್ಚು ಪಾಲು ನನಗೇ ಬಂತಲ್ಲ, ಹಾಗಾದರೆ ನಾನು ಬಿತ್ತಿದ್ದು ತಪ್ಪಲ್ಲ ಅಂತ ಅಂದುಕೊಂಡೆ. ವಕೀಲರು ಅದನ್ನೂ ಬಿಡಲಿಲ್ಲ. ತಡೆಯಾಜ್ಞೆ ಆಮೇಲೆ ರದ್ದಾದರೂ, ಅದು ಜಾರಿಯಲ್ಲಿದ್ದಾಗ ಮೀರಿದ ತಪ್ಪು ಅಳಿಸಿಹೋಗುವುದಿಲ್ಲ ಅಂತ ಅದೇ ಸಮೀ ಖಾನ್ ಪ್ರಕರಣದಲ್ಲಿ ಇದೆ. ಹೊಲ ಯಾರದು ಅನ್ನುವುದು ದಾವೆಯ ಪ್ರಶ್ನೆ. ಕೋರ್ಟಿನ ಮಾತು ಉಳಿಯಿತೇ ಅನ್ನುವುದು ನಿಂದನೆಯ ಪ್ರಶ್ನೆ. ಹೊಲ ನನ್ನದೇ ಅಂತ ನಾನೇ ತೀರ್ಮಾನ ಮಾಡಿ ಬಿತ್ತಿದರೆ, ನಾಳೆ ನನಗೆ ತಡೆಯಾಜ್ಞೆ ಬೇಕಾದಾಗ ಅದನ್ನು ಯಾರು ಪಾಲಿಸುತ್ತಾರೆ?

ನೆನಪಿಡಬೇಕಾದವು

* ತಡೆಯಾಜ್ಞೆಯ ಕಾಗದ ಬಂದರೆ ಜಂತಿಗೆ ಸಿಗಿಸಬೇಡಿ. ಅದೇ ವಾರ ವಕೀಲರಿಗೆ ತೋರಿಸಿ, ಏನು ಮಾಡಬಹುದು, ಏನು ಮಾಡಬಾರದು ಅಂತ ಬಿಡಿಸಿ ಕೇಳಿ.

* ಆಜ್ಞೆ ತಪ್ಪು ಅನ್ನಿಸಿದರೆ ಮೀರಬೇಡಿ. 39ನೇ ಆದೇಶದ 4ನೇ ನಿಯಮದಲ್ಲಿ ಅದನ್ನು ರದ್ದು ಮಾಡಿ, ಇಲ್ಲವೆ ಬದಲಿಸಿ ಅಂತ ಅರ್ಜಿ ಹಾಕಬಹುದು. ಹೊಲ ಬೀಳು ಬೀಳುತ್ತದೆ, ಬಿತ್ತಲು ಬಿಡಿ, ಬಂದ ಹಣ ಕೋರ್ಟಿನಲ್ಲಿ ಇಡುತ್ತೇನೆ ಅಂತ ಮಳೆಗಾಲಕ್ಕೆ ಮುಂಚೆಯೇ ಕೇಳಿ. ಕೊಡುತ್ತಾರೆ ಅಂತ ಖಾತ್ರಿ ಇಲ್ಲ. ಆದರೆ ಕೇಳಿದವನಿಗೂ ಕೇಳದೆ ಬಿತ್ತಿದವನಿಗೂ ಬಹಳ ವ್ಯತ್ಯಾಸ.

* ತಡೆಯಾಜ್ಞೆ ಪಡೆಯುವವರು ನೀವಾದರೆ ಸರ್ವೆ ನಂಬರು, ಚಕ್ಕುಬಂದಿ, ಏನೇನು ಮಾಡಬಾರದು ಎಂಬುದನ್ನು ಸ್ಪಷ್ಟ ಬರೆಸಿ. ಎದುರಿನವನಿಗೆ ಕಾಗದ ಮುಟ್ಟಿದ ದಾಖಲೆ ಇಟ್ಟುಕೊಳ್ಳಿ. ಇವೆರಡೂ ಇಲ್ಲದೆ ನಿಂದನೆ ನಿಲ್ಲುವುದು ಕಷ್ಟ.

* ಎದುರಿನವನು ಮೀರಿದರೆ ತಾರೀಖು ಇರುವ ಫೋಟೋ, ಸಾಕ್ಷಿ ಇಟ್ಟುಕೊಂಡು ತಕ್ಷಣ ಅರ್ಜಿ ಹಾಕಿ. 1971ರ ಕಾಯಿದೆಯಲ್ಲಿ ನಿಂದನೆ ನಡೆದ ದಿನದಿಂದ ಒಂದು ವರ್ಷದ ಗಡುವು ಇದೆ. ಅರ್ಜಿಯಲ್ಲಿ ಜೈಲು ಕೊಡಿ ಅಂತ ಮಾತ್ರ ಕೇಳಬೇಡಿ. ಮುಚ್ಚಿದ ದಾರಿ ತೆರೆಸಿ, ಬೆಳೆಯ ಹಣ ಕಟ್ಟಿಸಿ ಅಂತಲೂ ಕೇಳಿ. ಬೇಕಾದರೆ ಪೊಲೀಸ್ ನೆರವನ್ನೂ ಕೇಳಬಹುದು.

* ದಾವಾ ಮುಗಿದು ಶಾಶ್ವತ ತಡೆಯ ಡಿಕ್ರಿ ಆಗಿದ್ದರೆ ದಾರಿ ಬೇರೆ. ಆಗ 21ನೇ ಆದೇಶದ 32ನೇ ನಿಯಮದಲ್ಲಿ ಡಿಕ್ರಿ ಜಾರಿ ಅರ್ಜಿ ಹಾಕಬೇಕು. ಅಲ್ಲೂ ಜಪ್ತಿ, ಸಿವಿಲ್ ಜೈಲು ಇವೆ.

* ತಪ್ಪು ಮಾಡಿದ್ದರೆ ಮೊದಲ ತಾರೀಖಿಗೇ ಒಪ್ಪಿ. ‘ಆಗಿದ್ದರೆ’ ಅನ್ನುವ ಮಾತು ಸೇರಿಸಬೇಡಿ. ಕ್ಷಮೆ ಕೇಳುವ ಮುಂಚೆ ಸರಿ ಮಾಡಲು ಬರುವುದನ್ನು ಸರಿ ಮಾಡಿ.

ನನ್ನ ಮಗಳ ಮದುವೆ ಮುಂದಿನ ಬೇಸಿಗೆಯಲ್ಲಿ ಆಯಿತು. ದೊಡ್ಡಪ್ಪನ ಮಗ ಆಗ ಬರಲಿಲ್ಲ. ರಾಜಿ ಆದ ಮೇಲೆ ಇಬ್ಬರೂ ಕೂಡಿ ಸರ್ವೆ ಮಾಡಿಸಿ ಹೊಸ ಬದು ಹಾಕಿದ್ದೇವೆ. ಮಳೆ ಬಂದ ಮರುದಿನ ನನ್ನ ಕೂರಿಗೆ ಆ ಬದುವಿನ ತನಕ ಹೋಗುತ್ತದೆ, ಅಲ್ಲಿ ಎತ್ತು ತಿರುಗಿಸುತ್ತೇನೆ.